ಅರಳುಮರಳು ಎಂದು ಕೈಬಿಡುವ ಮುನ್ನ

ಸಕ್ಕರೆ ಕಾಯಿಲೆಗೂ ಮರೆಗುಳಿತನಕ್ಕೂ ನಂಟಿದೆ ಎಂದರೆ ಶಿಕಾರಿಪುರ, ಸೊರಬದ ಕಡೆ ಮೊದಲು ಎದುರಾಗುವುದು ‘ಅರವತ್ತಕ್ಕೆ ಅರಳುಮರಳು’ ಎಂಬ ಮಾತು. ವಯಸ್ಸಾದ ಮೇಲೆ ಮರೆವು ಬರದೆ ಇನ್ನೇನು, ಅದಕ್ಕೂ ಶುಗರ್ ಹೆಸರು ಹೇಳಿ ಯಾಕೆ ಹೆದರಿಸುತ್ತೀರಿ ಎಂದು ಕೇಳುತ್ತಾರೆ. ಮನೆಯ ಹಿರಿಯರನ್ನು ಆಸ್ಪತ್ರೆಗಳಿಗೆ ಅಲೆದಾಡಿಸಬಾರದೆಂಬ ಕಾಳಜಿಯೂ ಆ ಮಾತಿನಲ್ಲಿದೆ. ಆದರೂ ಮಾತು ತಪ್ಪು.

ಅರವತ್ತು ದಾಟಿದ ಭಾರತೀಯರ ಬುದ್ಧಿಶಕ್ತಿಯನ್ನು ಪರೀಕ್ಷಿಸಿದ ಲಾಸಿ-ಡ್ಯಾಡ್ ಅಧ್ಯಯನ 2023ರಲ್ಲಿ ಕೊಟ್ಟ ಅಂದಾಜಿನ ಪ್ರಕಾರ ಅವರಲ್ಲಿ ಶೇ 7.4 ಮಂದಿಗೆ, ದೇಶದಲ್ಲಿ ಸುಮಾರು 88 ಲಕ್ಷ ಹಿರಿಯರಿಗೆ ಡಿಮೆನ್ಷಿಯಾ (ಮರೆಗುಳಿತನದ ಕಾಯಿಲೆ) ಇದೆ. ಅಂದರೆ ನೂರರಲ್ಲಿ ತೊಂಬತ್ತಕ್ಕೂ ಹೆಚ್ಚು ಮಂದಿಗೆ ಇಲ್ಲ. ಅರವತ್ತಾಯಿತೆಂಬುದೇ ಕಾರಣವಾಗಿದ್ದರೆ ಲೆಕ್ಕ ಹೀಗಿರುತ್ತಿರಲಿಲ್ಲ. ಡಿಮೆನ್ಷಿಯಾ ಪೇಟೆಗಿಂತ ಹಳ್ಳಿಗಳಲ್ಲಿ, ಗಂಡಸರಿಗಿಂತ ಹೆಂಗಸರಲ್ಲಿ ಹೆಚ್ಚು ಕಂಡಿತು. ನೆಂಟರ ಹೆಸರು ತಡವಾಗಿ ನೆನಪಾಗುವುದು ವಯಸ್ಸಿನ ಮರೆವು. ಜೀವಮಾನವಿಡೀ ಓಡಾಡಿದ ತೋಟದಿಂದ ಮನೆಗೆ ದಾರಿ ತಿಳಿಯದೆ ನಿಲ್ಲುವುದು, ಅಡಿಕೆ ಮಾರಿದ ದುಡ್ಡಿನ ಲೆಕ್ಕ ತಲೆಗೆ ಹತ್ತದಂತಾಗುವುದು, ಉಂಡು ಕೈತೊಳೆದವರೇ ಊಟ ಹಾಕಲಿಲ್ಲವೆಂದು ಸೊಸೆಯ ಮೇಲೆ ರೇಗುವುದು ಬೇರೆ. ಇವು ಕಾಯಿಲೆಯ ಲಕ್ಷಣಗಳು. ಗಾದೆ ಹೇಳಿ ಸುಮ್ಮನಾದಷ್ಟು ದಿನ ಮನೆಯ ಅಜ್ಜಿಗೆ ಸಿಗಬೇಕಾದ ಆರೈಕೆ ಸಿಗುವುದಿಲ್ಲ. ಬೈಗುಳ ಮಾತ್ರ ಸಿಗುತ್ತದೆ. ನನಗೆ ಹೆಚ್ಚು ನೋವು ಕೊಡುವುದು ಇದು.

‘ಶುಗರ್ ಪೇಟೆಯವರ ಕಾಯಿಲೆ. ನಾವು ಸ್ವಂತ ಗದ್ದೆಯ ಅಕ್ಕಿ ಉಣ್ಣುವವರು, ಸಕ್ಕರೆ ಬಿಟ್ಟು ಜೋನಿಬೆಲ್ಲ ತಿನ್ನುವವರು’ ಎಂಬುದು ಎರಡನೆಯ ಆಕ್ಷೇಪ. ಐಸಿಎಂಆರ್‌–ಇಂಡಿಯಾಬ್ ಅಧ್ಯಯನ 2023ರಲ್ಲಿ ದೇಶದ 10.1 ಕೋಟಿ ಜನರಿಗೆ ಸಕ್ಕರೆ ಕಾಯಿಲೆ ಇದೆಯೆಂದಿತು. ಪೇಟೆಗಳಲ್ಲಿ ಹೆಚ್ಚು ಎಂಬುದು ನಿಜ. ಆದರೆ ಕಾಯಿಲೆಯ ಹೊಸ್ತಿಲಲ್ಲಿ ನಿಂತಿರುವ ಇನ್ನೂ 13.6 ಕೋಟಿ ಜನರ ವಿಷಯದಲ್ಲಿ ಹಳ್ಳಿಗೂ ಪೇಟೆಗೂ ಹೆಚ್ಚುಕಡಿಮೆ ಒಂದೇ ಪ್ರಮಾಣ. ಜೋನಿಬೆಲ್ಲವೂ ರಕ್ತಕ್ಕೆ ಸೇರಿದಾಗ ಸಕ್ಕರೆಯೇ. ಅದನ್ನು ತಿಂದ ಅಜ್ಜ ಬೆಳಗಿನಿಂದ ಸಂಜೆಯವರೆಗೆ ಕೆಸರಿನಲ್ಲಿ ದುಡಿಯುತ್ತಿದ್ದ. ಉಳುಮೆಗೆ ಟಿಲ್ಲರ್, ತೋಟಕ್ಕೆ ಹೋಗಲು ಬೈಕ್ ಬಂದ ಮೇಲೂ ತಟ್ಟೆಯ ಅನ್ನ ಮಾತ್ರ ಅಜ್ಜನ ಕಾಲದಷ್ಟೇ ಉಳಿದಿದೆ.

‘ಶುಗರ್ ಇದ್ದವರಿಗೆಲ್ಲ ಮರೆವು ಬಂದಿಲ್ಲವಲ್ಲ?’ ಬಂದಿಲ್ಲ, ಬರುವುದೂ ಇಲ್ಲ. ಬೀಡಿ ಸೇದಿದವರಿಗೆಲ್ಲ ಕ್ಯಾನ್ಸರ್ ಬರುವುದಿಲ್ಲ, ಹಾಗೆಂದು ಬೀಡಿ ನಿರಪರಾಧಿಯಾಗುವುದಿಲ್ಲ. ಇಲ್ಲಿ ನೋಡಬೇಕಾದದ್ದು ಕಾಯಿಲೆ ಎಷ್ಟು ವರ್ಷ ದೇಹದಲ್ಲಿದೆ ಎಂಬುದನ್ನು. ಲಂಡನ್ನಿನ ಸರ್ಕಾರಿ ನೌಕರರನ್ನು 1985ರಿಂದ ಹಿಂಬಾಲಿಸಿದ ವೈಟ್‌ಹಾಲ್ ಅಧ್ಯಯನದ ಫಲಿತಾಂಶ 2021ರಲ್ಲಿ ಪ್ರಕಟವಾಯಿತು. ಎಪ್ಪತ್ತನೆಯ ವಯಸ್ಸಿಗೆ ಹತ್ತು ವರ್ಷಕ್ಕಿಂತ ಹಿಂದೆಯೇ ಸಕ್ಕರೆ ಕಾಯಿಲೆ ಹಿಡಿದಿದ್ದವರಲ್ಲಿ ಡಿಮೆನ್ಷಿಯಾ ಅಪಾಯ ಇತರರ ಎರಡು ಪಟ್ಟು ಮೀರಿತ್ತು. ಐದು ವರ್ಷದೊಳಗೆ ಬಂದವರಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣಲಿಲ್ಲ. ಹೆಚ್ಚಿದ ಸಕ್ಕರೆ ಕಣ್ಣು, ಮೂತ್ರಪಿಂಡದ ಸಣ್ಣ ರಕ್ತನಾಳಗಳನ್ನು ಕೆಡಿಸುವುದು ನಮಗೆಲ್ಲ ಗೊತ್ತು. ಮಿದುಳಿನಲ್ಲಿಯೂ ಅಂಥವೇ ನಾಳಗಳಿವೆ. ಬಿ.ಪಿ.ಯೂ ಜೊತೆಗಿದ್ದರೆ ಹಾನಿ ಇನ್ನೂ ಬೇಗ. ಆದ್ದರಿಂದ ನಲವತ್ತೈದರ ಮಗ ತಪಾಸಣೆ ಮಾಡಿಸಿಕೊಳ್ಳಬೇಕು. ಎಪ್ಪತ್ತರ ಅಪ್ಪನಿಗೆ ಮಾತ್ರ ಸಂಬಂಧಿಸಿದ ವಿಷಯ ಇದಲ್ಲ.

ಓದಿಕೊಂಡವರ ಆಕ್ಷೇಪವೊಂದಿದೆ, ಅದು ಗಟ್ಟಿಯಾದದ್ದು: ಸಕ್ಕರೆ ಇಳಿಸಿದರೆ ನೆನಪು ಉಳಿಯುತ್ತದೆಂದು ಎಲ್ಲಿ ಸಾಬೀತಾಗಿದೆ? ಅಮೆರಿಕ, ಕೆನಡಾಗಳಲ್ಲಿ ನಡೆದ ಅಕಾರ್ಡ್-ಮೈಂಡ್ ಪ್ರಯೋಗ 2011ರಲ್ಲಿ ವರದಿಯಾದಾಗ, ಬಿಗಿಯಾಗಿ ಸಕ್ಕರೆ ಇಳಿಸಿದವರ ಬುದ್ಧಿಶಕ್ತಿ 40 ತಿಂಗಳ ನಂತರವೂ ಇತರರಿಗಿಂತ ಉತ್ತಮವಾಗಿರಲಿಲ್ಲ. ಇದನ್ನು ಮುಚ್ಚಿಡುವುದು ಸರಿಯಲ್ಲ. ಆದರೆ ಅವರ ಸರಾಸರಿ ವಯಸ್ಸು ಅರವತ್ತೆರಡು ದಾಟಿತ್ತು, ಕಾಯಿಲೆಗೆ ಹತ್ತು ವರ್ಷವಾಗಿತ್ತು. ದಶಕಗಳಲ್ಲಿ ಆಗುವ ಹಾನಿಯನ್ನು ಮೂರು ಚಿಲ್ಲರೆ ವರ್ಷದಲ್ಲಿ ಅಳೆದ ಪ್ರಯೋಗವದು. ತಡವಾಗಿ ಹಟಹಿಡಿದು ಇಳಿಸಿದರೆ ಲಾಭವಿಲ್ಲ ಎಂದಷ್ಟೇ ನಾನು ಅದರಿಂದ ಒಪ್ಪುತ್ತೇನೆ. ಬೇಗ ಪತ್ತೆಹಚ್ಚಿ ಹಿಡಿತದಲ್ಲಿಡುವುದು ವ್ಯರ್ಥ ಎಂದು ಅದು ತೋರಿಸಿಲ್ಲ.

ಶುಗರ್‌ಗೆ ಮಧುನಾಶಿನಿ, ಅಮೃತಬಳ್ಳಿ ಸಾಕು ಎಂಬ ಮಾತು ಬಂದಾಗ ನನ್ನ ಉತ್ತರ ಚಿಕ್ಕದು: ಕಷಾಯ ಕುಡಿಯುವುದು ನಿಮ್ಮಿಷ್ಟ, ಆದರೆ ರಕ್ತಪರೀಕ್ಷೆ ಬಿಡಬೇಡಿ, ವೈದ್ಯರಿಗೆ ಹೇಳದೆ ಮಾತ್ರೆಯನ್ನೂ ಬಿಡಬೇಡಿ.

ಕೊನೆಯದು, ‘ಶುಗರ್ ಮಾತ್ರೆಯಿಂದಲೇ ಮರೆವು ಬರುತ್ತದೆ’ ಎಂಬ ಭಯ. ಇದರಲ್ಲಿ ಅರ್ಧ ಸತ್ಯವಿದೆ. ಮೆಟ್‌ಫಾರ್ಮಿನ್ ಬಹುಕಾಲ ತಿಂದವರಲ್ಲಿ ಬಿ12 ಕಡಿಮೆಯಾಗಬಹುದು, ಮಾಂಸ ತಿನ್ನದವರಿಗೆ ಅದು ಮೊದಲೇ ಕಡಿಮೆ. ಆ ಕೊರತೆಯ ಮರೆವು ಡಿಮೆನ್ಷಿಯಾದಂತೆಯೇ ತೋರುತ್ತದೆ, ಬೇಗ ಗುರುತಿಸಿದರೆ ಇಂಜೆಕ್ಷನ್, ಮಾತ್ರೆಗಳಿಂದ ಸುಧಾರಿಸುತ್ತದೆ. ಮಾತ್ರೆ ಬಿಡುವ ಬದಲು ಬಿ12 ಪರೀಕ್ಷೆ ಕೇಳಿ ಮಾಡಿಸಿಕೊಳ್ಳಿ. ಇದಕ್ಕಿಂತ ದೊಡ್ಡ ಅಪಾಯ ಸಕ್ಕರೆ ಕುಸಿಯುವುದು. ಸಕ್ಕರೆ ತೀರಾ ಇಳಿದು ಆಸ್ಪತ್ರೆ ಸೇರಿದ್ದ ವಯಸ್ಸಾದ ರೋಗಿಗಳಲ್ಲಿ ಮುಂದೆ ಡಿಮೆನ್ಷಿಯಾ ಹೆಚ್ಚಾಗಿ ಕಂಡದ್ದನ್ನು ಕ್ಯಾಲಿಫೋರ್ನಿಯಾದ ಅಧ್ಯಯನವೊಂದು 2009ರಲ್ಲಿ ತೋರಿಸಿತು. ಮಾತ್ರೆ ನುಂಗಿದ್ದು ಮರೆತು ಮತ್ತೆ ನುಂಗುವವರು, ನುಂಗಿ ಊಟ ಮರೆಯುವವರು ಇದಕ್ಕೆ ಸುಲಭವಾಗಿ ಸಿಕ್ಕಿಬೀಳುತ್ತಾರೆ. ಆದ್ದರಿಂದ ಮರೆವು ಶುರುವಾದ ಹಿರಿಯರ ಮಾತ್ರೆಡಬ್ಬಿ ಮನೆಯ ಇನ್ನೊಬ್ಬರ ಕೈಯಲ್ಲಿರಲಿ. ಬೆವರು, ನಡುಕ, ತೊದಲು ಕಂಡೊಡನೆ, ಎಚ್ಚರವಿದ್ದು ನುಂಗಲು ಆಗುವಂತಿದ್ದರೆ, ಸಕ್ಕರೆ ನೀರು ಕುಡಿಸಿ. ಸುಧಾರಿಸದಿದ್ದರೆ, ಅಥವಾ ಎಚ್ಚರ ತಪ್ಪಿದ್ದರೆ ಬಾಯಿಗೆ ಏನೂ ಹಾಕದೆ, ತಕ್ಷಣ ಆಸ್ಪತ್ರೆಗೆ ಕರೆದೊಯ್ಯಿರಿ. ಮುಂದಿನ ಸಲ ಶುಗರ್ ತೋರಿಸಲು ಶಿಕಾರಿಪುರ, ಸೊರಬದ ತಾಲ್ಲೂಕು ಆಸ್ಪತ್ರೆಗೋ ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆಗೋ ಹೋದಾಗ, ಅಜ್ಜನ ಮರೆವಿನ ವಿಷಯವನ್ನೂ ಡಾಕ್ಟರ ಮುಂದೆ ಬಾಯಿಬಿಟ್ಟು ಹೇಳಿ. ಆ ವಯಸ್ಸಿನವರಿಗೆ ಸಕ್ಕರೆಯ ಗುರಿಯನ್ನು ಸ್ವಲ್ಪ ಸಡಿಲಿಸಿ ಮಾತ್ರೆ ಬದಲಿಸಬೇಕಾಗಬಹುದು.