ಬಂಡೆಗಳ ನಡುವಣ ಸಂಗೀತ

ಬೆಂಗಳೂರಿನಿಂದ ಮೈಸೂರಿಗೆ ರೈಲಿನಲ್ಲಿ ಹೊರಟವರು ಚನ್ನಪಟ್ಟಣವು ಬರುವುದಕ್ಕೆ ಮುಂಚೆ ರಾಮನಗರದ ಬೆಟ್ಟಗಳನ್ನು ಕಿಟಕಿಯಿಂದ ಇಣಿಕಿ ನೋಡದೆ ಇರಲಾರರು. ರೇಷ್ಮೆಗೂಡಿಗೆ ಹೆಸರಾದ ಈ ಊರಿನ ಬಂಡೆಗಳ ನಡುವೆ 1973ನೆಯ ಇಸವಿಯ ಅಕ್ಟೋಬರಿನಲ್ಲಿ 'ಶೋಲೆ' ಎಂಬ ಹಿಂದೀ ವಾಕ್ಚಿತ್ರದ ಕೆಲಸವು ಮೊದಲಾಯಿತು. 1975ನೆಯ ಆಗಸ್ಟ್ 15ರಂದು ಅದು ತೆರೆಗೆ ಬಂದಿತು. ಬೆಟ್ಟವನ್ನು ಕಂಡೊಡನೆ ಗಬ್ಬರನ ಹೆಸರೆತ್ತುವವರು ಬಹಳ ಮಂದಿ. ಅದಕ್ಕೆ ಸಂಗೀತವನ್ನೊದಗಿಸಿದವರಾರೆಂದರೆ ತಡವರಿಸುತ್ತಾರೆ.

ಅವರು ರಾಹುಲ್ ದೇವ್ ಬರ್ಮನ್ನರು. ಕಲ್ಕತ್ತೆಯಲ್ಲಿ 1939ನೆಯ ಜೂನ್ 27ರಂದು ಹುಟ್ಟಿದರು. ತಂದೆ ಸಚಿನ್ ದೇವ್ ಬರ್ಮನ್ನರು ತ್ರಿಪುರದ ರಾಜವಂಶದವರು, ತಾವೂ ಪ್ರಖ್ಯಾತ ಸಂಗೀತ ನಿರ್ದೇಶಕರು. ಮಗನ ಮೊದಲ ಚಿತ್ರ 1961ರ 'ಛೋಟೆ ನವಾಬ್'. ಹೆಸರು ತಂದುದು 1966ರ 'ತೀಸ್ರಿ ಮಂಜಿಲ್'.

ಚಲಚ್ಚಿತ್ರದ ಸಂಗೀತವೆಂದರೆ ಹಾಡುಗಳೇ ಎಂದು ನಾವು ತಿಳಿದಿರುತ್ತೇವೆ. ಶೋಲೆಯಲ್ಲಿ ಬರ್ಮನ್ನರೇ ಹಾಡಿದ 'ಮೆಹಬೂಬಾ' ಎಲ್ಲರಿಗೂ ಗೊತ್ತು. ನನಗೆ ಮಾತ್ರ ಅದಕ್ಕಿಂತ ಹೆಚ್ಚಾಗಿ ನೆನಪಿನಲ್ಲಿ ನಿಂತಿರುವುದು ಮುಸ್ಸಂಜೆಯ ದೃಶ್ಯ. ವಿಧವೆಯಾದ ತರುಣಿಯು ಮೇಲುಪ್ಪರಿಗೆಯಲ್ಲಿ ಒಂದೊಂದಾಗಿ ದೀಪವನ್ನಾರಿಸುತ್ತಾಳೆ. ಕೆಳಗೆ ಕುಳಿತ ಯುವಕನು ಮೌತ್ ಆರ್ಗನ್ ನುಡಿಸುತ್ತಾನೆ. ಆಡಲಾಗದ ಮಾತನ್ನೆಲ್ಲ ಆ ಪುಟ್ಟ ವಾದ್ಯವೇ ಆಡಿಬಿಡುತ್ತದೆ. ತೆರೆಯ ಮರೆಯಲ್ಲಿ ಅದನ್ನು ನುಡಿಸಿದವರು ಬರ್ಮನ್ನರ ಮೇಳದ ಭಾನು ಗುಪ್ತರು. ಬೇರೊಬ್ಬರಾಗಿದ್ದರೆ ನೂರು ಪಿಟೀಲುಗಳನ್ನು ಅಳಿಸುತ್ತಿದ್ದರೋ ಏನೋ!

ಆದರೂ ಜನರು ಮುಗಿಬಿದ್ದು ಕೊಂಡುದು ಸಂಭಾಷಣೆಯ ರಿಕಾರ್ಡುಗಳನ್ನು. ಆ ವರ್ಷದ ಫಿಲ್ಮ್‌ಫೇರ್ ಸಂಗೀತ ಬಹುಮಾನವೂ 'ಜೂಲಿ' ಚಿತ್ರದ ರಾಜೇಶ್ ರೋಶನ್ನರ ಪಾಲಾಯಿತು. ನೆರೆಯ ಮಾಗಡಿಯ ಸಾವನದುರ್ಗದ ಅದೃಷ್ಟವೇ ಬೇರೆ. ಅಲ್ಲಿಯೂ ಚಿತ್ರೀಕರಿಸಿದ 'ಎ ಪ್ಯಾಸೇಜ್ ಟು ಇಂಡಿಯಾ' ಎಂಬ 1984ರ ಇಂಗ್ಲಿಷ್ ಚಿತ್ರದ ಸಂಗೀತಕ್ಕಾಗಿ ಫ್ರಾನ್ಸಿನ ಮೋರಿಸ್ ಜಾರ್ ಆಸ್ಕರ್ ಬಹುಮಾನವನ್ನು ಪಡೆದರು. ಅದು ಅವರಿಗೆ ಮೂರನೆಯದು.

ಬರ್ಮನ್ನರಿಗೆ ಫಿಲ್ಮ್‌ಫೇರ್ ಒಲಿದುದು 1983ರಲ್ಲಿ, ಮರುವರ್ಷ ಇನ್ನೊಮ್ಮೆ. ಅಷ್ಟರಲ್ಲೇ ಕಾಲವು ತಿರುಗಿತ್ತು. ಚಿತ್ರಗಳು ಸೋತವು, ನಿರ್ಮಾಪಕರು ಬೇರೆ ಬಾಗಿಲುಗಳನ್ನು ಹಿಡಿದರು. 1988ರಲ್ಲಿ ಹೃದಯಾಘಾತವೂ ಆಯಿತು. ಕೊನೆಗೆ '1942: ಎ ಲವ್ ಸ್ಟೋರಿ' ಎಂಬ ಚಿತ್ರಕ್ಕೆ ರಾಗಗಳನ್ನು ಕಟ್ಟಿದರು. 1994ನೆಯ ಜನವರಿ 4ರಂದು, ಐವತ್ತನಾಲ್ಕರ ವಯಸ್ಸಿನಲ್ಲಿ, ತೀರಿಕೊಂಡರು. ಚಿತ್ರವು ತೆರೆ ಕಂಡುದು ಆ ಮೇಲೆ. ಅದರ ಹಾಡುಗಳು ಮನೆಮನೆಯಲ್ಲಿಯೂ ಕೇಳಿಬಂದುವು. 1995ರಲ್ಲಿ ಮೂರನೆಯ ಬಹುಮಾನವು ಅವರ ಹೆಸರಿಗೆ ಬಂದಿತು.