ದತ್ತು ಭೋಕನಳ್‌ಗೆ ಸಿಗದೆ ಹೋದ ವರ್ಷಗಳು

ಬಾವಿ ತೋಡುವವರ ಮಗ ಒಲಿಂಪಿಕ್ಸ್‌ಗೆ ಹೋದ ಎಂಬ ಒಂದೇ ಮಾತಿನಲ್ಲಿ ದತ್ತು ಬಬನ್ ಭೋಕನಳ್ ಅವರ ಬದುಕನ್ನು ಹೇಳಿ ಮುಗಿಸುವುದು ನಮಗೆ ರೂಢಿಯಾಗಿಬಿಟ್ಟಿದೆ. ಮಾತು ಸುಳ್ಳಲ್ಲ. ನಾಸಿಕ್ ಜಿಲ್ಲೆಯ ಚಾಂದವಡ ತಾಲ್ಲೂಕು ಬರಪೀಡಿತ ಪ್ರದೇಶ. ಅಲ್ಲಿನ ತಳೇಗಾಂವ್ ರೋಹಿಯಲ್ಲಿ 1991ರಲ್ಲಿ ಹುಟ್ಟಿದ ಅವರು 2011ರಲ್ಲಿ ತಂದೆಯನ್ನು ಕಳೆದುಕೊಂಡರು, ಮರುವರ್ಷ ಸೇನೆಗೆ ಸೇರಿದರು. ಅವರ ಎತ್ತರ ನೋಡಿ ಪುಣೆಯಲ್ಲಿ ಸೇನೆಯವರು ಕೈಗೆ ಹುಟ್ಟು ಕೊಟ್ಟರು. ನಾಲ್ಕೇ ವರ್ಷಕ್ಕೆ ರಿಯೊ ಒಲಿಂಪಿಕ್ಸ್‌ನ ಸಿಂಗಲ್ ಸ್ಕಲ್ಸ್‌ನಲ್ಲಿ, ಎಂದರೆ ಒಬ್ಬರೇ ದೋಣಿ ನಡೆಸುವ ರೋಯಿಂಗ್ ಓಟದಲ್ಲಿ, 13ನೇ ಸ್ಥಾನ. ಈ ಕಥೆ ಕೇಳಿ ನಾವು ಬಡತನ ಗೆದ್ದವನ ಛಲವನ್ನು ಕೊಂಡಾಡುತ್ತೇವೆ, ಅಲ್ಲಿಗೇ ಸುಮ್ಮನಾಗುತ್ತೇವೆ. ಅವರ ಕೈಗೆ ಹುಟ್ಟು ಇಪ್ಪತ್ತು ದಾಟಿದ ಮೇಲೆ ಏಕೆ ಬಂತು, ಮೂವತ್ತು ತುಂಬುವ ಮೊದಲೇ ಅವರ ಓಟ ಏಕೆ ನಿಂತಿತು ಎಂದು ಕೇಳುವುದಿಲ್ಲ. ಛಲಕ್ಕೇನೂ ಕೊರತೆಯಿರಲಿಲ್ಲ. ವರ್ಷಗಳು ಸಾಲಲಿಲ್ಲ.

ರೋಯಿಂಗ್ ವರ್ಷಗಳನ್ನು ಬೇಡುವ ಆಟ. ದೋಣಿಯೊಳಗೆ ಹಿಂದೆ ಮುಂದೆ ಜಾರುವ ಪೀಠವಿರುತ್ತದೆ, ಪಾದಗಳು ಅಲ್ಲೇ ಬಿಗಿದ ಬೂಟಿನೊಳಗಿರುತ್ತವೆ. ನೋಡುವವರಿಗೆ ತೋಳಿನ ಕೆಲಸದಂತೆ ಕಂಡರೂ ಬಲ ಬರುವುದು ತೊಡೆಯಿಂದ. ಹುಟ್ಟಿನ ಅಲಗು ನೀರಿಗಿಳಿದ ಗಳಿಗೆಯಲ್ಲೇ ಕಾಲು ಒದೆಯಬೇಕು. ಅರೆಕ್ಷಣ ಮುಂಚೆ ಒದ್ದರೆ ಬಲ ಗಾಳಿಗೆ ಹೋಗುತ್ತದೆ, ಅರೆಕ್ಷಣ ತಡವಾದರೆ ದೋಣಿಯ ವೇಗ ಸತ್ತಿರುತ್ತದೆ. 2000 ಮೀಟರ್‌ನಲ್ಲಿ ಇದನ್ನು ಇನ್ನೂರಕ್ಕೂ ಹೆಚ್ಚು ಸಲ ತಪ್ಪದೆ ಮಾಡಬೇಕು, ಅದೂ ಉಸಿರು ಹತ್ತದಂತಾದ ಮೇಲೂ. ಮೈಗೆ ಇದು ಒಗ್ಗಲು ಹತ್ತು ಹದಿನೈದು ವರ್ಷ ಹಿಡಿದರೆ ಆಶ್ಚರ್ಯವಿಲ್ಲ. ಬ್ರಿಟನ್ನಿನ ಸ್ಟೀವ್ ರೆಡ್‌ಗ್ರೇವ್ ಐದನೇ ಒಲಿಂಪಿಕ್ ಚಿನ್ನ ಗೆದ್ದಾಗ ಅವರಿಗೆ 38. ರಿಯೊದಲ್ಲಿ ಸಿಂಗಲ್ ಸ್ಕಲ್ಸ್ ಚಿನ್ನ ಗೆದ್ದ ನ್ಯೂಜಿಲೆಂಡ್‌ನ ಮಾಹೆ ಡ್ರೈಸ್‌ಡೇಲ್‌ಗೆ 37. ಅವರ ಸಮಯ 6 ನಿಮಿಷ 41.34 ಸೆಕೆಂಡ್. ರಿಯೊದ ತಮ್ಮ ಕೊನೆಯ ಓಟದಲ್ಲಿ ದತ್ತು ತೆಗೆದುಕೊಂಡದ್ದು 6 ನಿಮಿಷ 54.96 ಸೆಕೆಂಡ್. ಬೇರೆ ಬೇರೆ ಓಟಗಳ ಸಮಯವನ್ನು ಗಾಳಿಯ ಲೆಕ್ಕವಿಲ್ಲದೆ ಹೋಲಿಸಬಾರದು, ನಿಜ. ಆದರೂ ನಾಲ್ಕು ವರ್ಷದ ಅಭ್ಯಾಸಕ್ಕೂ ಹತ್ತು ವರ್ಷ ಮೀರಿದ ಅಭ್ಯಾಸಕ್ಕೂ ನಡುವೆ ಇದ್ದದ್ದು ಹದಿಮೂರು ಚಿಲ್ಲರೆ ಸೆಕೆಂಡ್ ಎಂಬುದು ನನಗಂತೂ ಹೆಮ್ಮೆಗಿಂತ ಹೆಚ್ಚಾಗಿ ಸಂಕಟ ತರುತ್ತದೆ.

ಡ್ರೈಸ್‌ಡೇಲ್ ಕೂಡ ಬಾಲಕನಾಗಿದ್ದಾಗ ದೋಣಿ ಹತ್ತಿದವರಲ್ಲ, ವಿಶ್ವವಿದ್ಯಾಲಯದಲ್ಲಿ ಕಲಿತವರು ಎಂದು ಯಾರಾದರೂ ಎತ್ತಿ ತೋರಿಸಬಹುದು. ಹೌದು. ಆದರೆ ಅವರು ಕಾಲಿಟ್ಟದ್ದು ಕ್ಲಬ್ಬು, ತರಬೇತುದಾರರು, ಶಾಲಾ ಮಕ್ಕಳ ರಾಷ್ಟ್ರೀಯ ಪಂದ್ಯಾವಳಿ ಎಲ್ಲವೂ ಬೇರೂರಿದ್ದ ನೆಲದಲ್ಲಿ. ಅದಕ್ಕಿಂತ ಮುಖ್ಯವಾದದ್ದು ಆಮೇಲೆ ನಡೆದದ್ದು. 2008ರ ಬೀಜಿಂಗ್‌ನಲ್ಲಿ ಚಿನ್ನ ಅವರದೇ ಎನ್ನುವಂತಿತ್ತು. ಫೈನಲ್‌ಗೆ ಮುನ್ನ ಹೊಟ್ಟೆಯ ಕಾಯಿಲೆಗೆ ಬಿದ್ದು, ಕಂಚು ಗೆದ್ದು, ಮುಗಿಯುತ್ತಲೇ ಕುಸಿದು ಆಂಬುಲೆನ್ಸ್ ಏರಿದರು. ಅವರ ದೇಶ ಅವರನ್ನು ಕೈಬಿಡಲಿಲ್ಲ. 2012ರಲ್ಲೂ 2016ರಲ್ಲೂ ಚಿನ್ನ ಬಂತು.

ದತ್ತು ಅವರಿಗೂ ಅಂಥದೊಂದು ದಿನ ಬಂತು. 2018ರ ಏಷ್ಯನ್ ಗೇಮ್ಸ್‌ನಲ್ಲಿ, ಪಾಲೆಂಬಾಂಗ್‌ನ ಸಿಂಗಲ್ ಸ್ಕಲ್ಸ್ ಫೈನಲ್‌ನಲ್ಲಿ ಅವರು ಆರನೆಯವರಾಗಿ ಮುಗಿಸಿದರು. ಮೈ ಸರಿಯಿರಲಿಲ್ಲ ಎಂದು ಅವರು ಹೇಳಿದರು. ಮರುದಿನವೇ ಸವರ್ಣ್ ಸಿಂಗ್, ಓಂ ಪ್ರಕಾಶ್, ಸುಖ್‌ಮೀತ್ ಸಿಂಗ್ ಜೊತೆ ನಾಲ್ವರ ಓಟವಾದ ಕ್ವಾಡ್ರಪಲ್ ಸ್ಕಲ್ಸ್‌ನಲ್ಲಿ ಚಿನ್ನ ಗೆದ್ದರು. ಹಿಂದಿನ ದಿನದ ಸಿಂಗಲ್ ಸ್ಕಲ್ಸ್ ಓಟದ ನಡುವೆ ಹುಟ್ಟು ಹಾಕುವುದನ್ನು ನಿಲ್ಲಿಸಿದರೆಂಬ ಕಾರಣಕ್ಕೆ ರೋಯಿಂಗ್ ಫೆಡರೇಷನ್ 2019ರಲ್ಲಿ ಅವರ ಮೇಲೆ ಎರಡು ವರ್ಷದ ನಿಷೇಧ ಹೇರಿತು. 2020ರ ಜನವರಿಯಲ್ಲಿ ಅದನ್ನು ತೆರವುಗೊಳಿಸಿತು. ಅದೇ ವರ್ಷ ಅರ್ಜುನ ಪ್ರಶಸ್ತಿಯೂ ಬಂತು. ಟೋಕಿಯೊ ಒಲಿಂಪಿಕ್ಸ್ ಮಾತ್ರ ಬರಲಿಲ್ಲ. ಶಿಸ್ತಿಲ್ಲದೆ ತಂಡ ಕಟ್ಟಲಾಗದು ಎಂಬ ವಾದವನ್ನು ನಾನು ತಳ್ಳಿಹಾಕುವುದಿಲ್ಲ. ಆದರೆ ಶಿಸ್ತಿಗೂ ಅಳತೆ ಬೇಕು. ಇಪ್ಪತ್ತೆಂಟರ ಹೊಸ್ತಿಲಲ್ಲಿ, ಮೈ ಮಾಗುವ ಹೊತ್ತಿನಲ್ಲಿ, ಒಂದು ಓಟಕ್ಕಾಗಿ ಎರಡು ವರ್ಷ ಕಿತ್ತುಕೊಳ್ಳುವುದು ಎಂದರೆ ಆ ಕ್ರೀಡಾಪಟುವಿನ ಬದುಕನ್ನೇ ಪಣಕ್ಕಿಟ್ಟಂತೆ. ಆಟಗಾರರು ಬೆರಳೆಣಿಕೆಯಷ್ಟಿರುವ ದೇಶಕ್ಕೆ ಅದು ನಷ್ಟವೂ ಹೌದು.

ಬೆರಳೆಣಿಕೆ ಏಕೆಂದರೆ ಈ ಆಟಕ್ಕೆ ಬಾಗಿಲು ಹೆಚ್ಚುಕಡಿಮೆ ಒಂದೇ, ಸೇನೆ. 2010ರಲ್ಲಿ ಗುವಾಂಗ್‌ಝೌನಲ್ಲಿ ರೋಯಿಂಗ್‌ನಲ್ಲಿ ದೇಶಕ್ಕೆ ಮೊದಲ ಏಷ್ಯನ್ ಗೇಮ್ಸ್ ಚಿನ್ನ ತಂದ ಬಜರಂಗ್ ಲಾಲ್ ತಾಖರ್ ಸೇನೆಯವರು. ಪಾಲೆಂಬಾಂಗ್‌ನ ನಾಲ್ವರೂ ಸೇನೆಯವರೇ. ಸೇನೆ ಇಷ್ಟು ಚೆನ್ನಾಗಿ ನಡೆಸುತ್ತಿರುವಾಗ ಬೇರೆಯವರೇಕೆ ತಲೆಹಾಕಬೇಕು ಎನ್ನುವವರಿಗೆ ನನ್ನ ಉತ್ತರ ಇಷ್ಟೆ: ಸೇನೆ ಮಾಡಿದ್ದಕ್ಕೆ ದೇಶ ಋಣಿ. ಆದರೆ ಸೈನಿಕನಾಗುವ ವಯಸ್ಸಿಗೆ ಮೊದಲು ಅದು ಯಾರನ್ನೂ ದೋಣಿಗೆ ಕೂರಿಸಬೇಕೆಂದು ನಾವು ನಿರೀಕ್ಷಿಸುವಂತಿಲ್ಲ. ಹುಡುಗಿಯರಿಗಂತೂ ಈ ಬಾಗಿಲು ಬಹುಕಾಲ ಮುಚ್ಚಿಯೇ ಇತ್ತು. 2000ದ ಸಿಡ್ನಿಯಿಂದ 2024ರ ಪ್ಯಾರಿಸ್‌ವರೆಗೆ ಒಲಿಂಪಿಕ್ ರೋಯಿಂಗ್‌ಗೆ ಭಾರತ ಒಬ್ಬ ಮಹಿಳೆಯನ್ನೂ ಕಳಿಸಿಲ್ಲ. ಕಸುವಿಲ್ಲವೆಂದಲ್ಲ. ಅದೇ ಗುವಾಂಗ್‌ಝೌನಲ್ಲಿ ಒಡಿಶಾದ ಪ್ರತಿಮಾ ಪುಹಾನ ಮತ್ತು ಪ್ರಮೀಳಾ ಪ್ರವಾ ಮಿಂಜ್ ಕಂಚು ಗೆದ್ದಿದ್ದರು.

ಮಕ್ಕಳಿಗೆ ಬೇರೆ ಬಾಗಿಲು ತೆರೆಯಬೇಕೆಂದರೆ ದುಡ್ಡಿನ ಪ್ರಶ್ನೆಯೂ ಇದೆ. ಒಳ್ಳೆಯ ದೋಣಿಗೆ ಲಕ್ಷಗಟ್ಟಲೆ ಬೇಕು, ನಿಂತ ನೀರು ಬೇಕು. ಆದರೆ ಎತ್ತರದ, ಉಸಿರು ಗಟ್ಟಿಯಿರುವ ಮಕ್ಕಳನ್ನು ಗುರುತಿಸಲು ಮೊದಲ ದಿನವೇ ದೋಣಿ ಬೇಡ. ಕೊಠಡಿಯಲ್ಲಿ ಇಡಬಹುದಾದ ರೋಯಿಂಗ್ ಯಂತ್ರ ಸಾಕು, ಅದು ಸಮಯವನ್ನು ತಾನೇ ಲೆಕ್ಕ ಹಾಕುತ್ತದೆ. ಕರ್ನಾಟಕಕ್ಕೆ ನೀರಿನ ಕೊರತೆಯ ನೆಪವೂ ಪೂರ್ತಿ ಒಪ್ಪುವುದಿಲ್ಲ. ಬೆಂಗಳೂರಿನ ಹಲಸೂರು ಕೆರೆಯಲ್ಲಿ ಮದ್ರಾಸ್ ಎಂಜಿನಿಯರ್ ಗ್ರೂಪ್‌ನವರು ರೋಯಿಂಗ್ ಅಭ್ಯಾಸ ಮಾಡುತ್ತಾರೆ. ಕೃಷ್ಣರಾಜಸಾಗರ, ಆಲಮಟ್ಟಿಯಂಥ ಜಲಾಶಯಗಳಿವೆ. ಬೇಸಿಗೆಯಲ್ಲಿ ನೀರು ಇಳಿಯುತ್ತದೆ, ಆಗ ಯಂತ್ರದ ಮೇಲೆ ಮೈ ಕಟ್ಟಬಹುದು. ರಾಜ್ಯದ ಕ್ರೀಡಾ ಇಲಾಖೆ ಒಂದು ಜಲಾಶಯದ ದಡದಲ್ಲಿ, ಕ್ರೀಡಾ ವಸತಿ ಶಾಲೆಗೆ ಹೊಂದಿಕೊಂಡಂತೆ, ಹದಿಮೂರು ಹದಿನಾಲ್ಕರ ಹುಡುಗ ಹುಡುಗಿಯರಿಗೆ ಕೇಂದ್ರ ತೆರೆಯಲಿ. ಈಜು ಕಲಿಸಿಯೇ ನೀರಿಗಿಳಿಸಲಿ, ಏಕೆಂದರೆ ದತ್ತು ಅವರಿಗೂ ಮೊದಮೊದಲು ನೀರೆಂದರೆ ಭಯವಿತ್ತು. ಆಮೇಲೆ ಕನಿಷ್ಠ ಹತ್ತು ವರ್ಷ, ಪದಕ ಬಂದರೂ ಬರದಿದ್ದರೂ, ಆ ಕೇಂದ್ರದ ಅನುದಾನ ನಿಲ್ಲದಿರಲಿ.