ಅತ್ತಿಯವರು ಬದುಕ್ಯಾರೋ ಇಲ್ಲೋ?

ನವೆಂಬರ್ ಬಂತಂದ್ರ ಪೆನ್ಶನ್ ತಗೊಳ್ಳೋರು ತಾವು ಬದುಕೀವಿ ಅಂತ ತೋರಿಸಿ ಬರಬೇಕ್ರೀ. 78 ದಾಟಿದ ನಮ್ಮ ಅತ್ತಿಯವರನ್ನ ಆಟೋದಾಗ ಕೂಡಿಸ್ಕೊಂಡು ಹೋದೆ. ಜನ್ಮಪೂರ್ತಿ ರೊಟ್ಟಿ ಬಡದು, ಭಾಂಡಿ ತಿಕ್ಕಿ ಸವದ ಬೆರಳು. ಮಷಿನ್ ನಾಕು ಸಲಾನೂ ಒಲ್ಲೆ ಅಂತು.

“ಏನಪಾ, ನಾ ಸತ್ತೇನೇನು?” ಅಂದ್ರು ಅತ್ತಿ.

“ನನಗ ಕಾಣಸ್ತೀರಿ ಅಜ್ಜಿ, ಸಿಸ್ಟಮ್‌ಗೆ ಕಾಣವಲ್ರಿ. ನಾಳೆ ಬರ್ರಿ” ಅಂದ ಕೌಂಟರಿನ ಹುಡುಗ.

ಬೆರಳು ಒಪ್ಪದಿದ್ರ 2021ರಿಂದ ಮೊಬೈಲ್‌ನಾಗ ಮುಖ ತೋರಿಸಿದ್ರೂ ನಡೀತದ, ಅಧಿಕಾರಿ ಸಹಿ ಮಾಡಿದ ಕಾಗದಾನೂ ನಡೀತದ. ಅಲ್ಲಿ ಯಾರೂ ಹೇಳಲಿಲ್ಲ. ‘ಊಟದ ಸಮಯ’ ಅಂತ ಬೋರ್ಡ್ ಹಾಕೋರಿಗೆ ಇದೊಂದು ಸಾಲು ಗ್ವಾಡಿಗೆ ಹಚ್ಚಲಿಕ್ಕೆ ಏನು ಧಾಡಿ?

ಮೂರನೇ ದಿನ ಮೊಮ್ಮಗಳು ಮನ್ಯಾಗ ಫೋನ್ ಹಿಡದ್ಲು. ಕಣ್ಣು ಮಿಟುಕಿಸ್ರಿ ಅಂತು ಅದು. ಅತ್ತಿ ಪಟಪಟ ಮಿಟುಕಿಸಿದ್ರು, ಸರ್ಕಾರದ ಲೆಕ್ಕದಾಗ ಜೀವಂತ ಆದ್ರು.